ಅತ್ತೆಯ ತವರಿನ ಹೆಸರು

ಕಡಲಾಚೆಯ ನೆಲ್ಸನ್ ಊರಿನ ಗ್ರಂಥಾಲಯದಲ್ಲಿ ಜನರಿಗೆ ಅವರ ವಂಶದ ಬೇರು ಹುಡುಕಿಕೊಡುವುದು ನನ್ನ ಕೆಲಸ. ಹೋದ ತಿಂಗಳು ಇಲ್ಲಿಯ ಮುದುಕರೊಬ್ಬರಿಗೆ, ಸುಮಾರು ಇನ್ನೂರು ವರ್ಷದ ಹಿಂದೆ ಅಮೆರಿಕದಿಂದ ತಿಮಿಂಗಿಲ ಬೇಟೆಗೆ ಬಂದು ಇಲ್ಲೇ ನೆಲೆಸಿದ ಅವರ ಪೂರ್ವಜನ ತಾಯಿಯ ಹೆಸರನ್ನು ಹುಡುಕಿಕೊಟ್ಟೆ. ಅದೂ ಮದುವೆಗೆ ಮುಂಚಿನ ಹೆಸರು. ಅವರು ಕಣ್ಣೊರೆಸಿಕೊಂಡರು, ನಾನು ಬೀಗಿದೆ. ಮನೆಯಲ್ಲಿ ನಮ್ಮ ಅತ್ತೆಯ ಹೆಸರೇ ನನಗೆ ಗೊತ್ತಿರಲಿಲ್ಲ.

ಗೊತ್ತಿದ್ದದ್ದು ಕಾತ್ಯಾಯಿನಿ. ಅದು ಮದುವೆಯ ದಿನ ಮಾವ ತಟ್ಟೆಯ ಅಕ್ಕಿಯಲ್ಲಿ ಉಂಗುರದಿಂದ ಬರೆದ ಹೆಸರು. ಬಂದ ಸೊಸೆಗೆ ಹೊಸ ಹೆಸರಿಡುವುದು ಧಾರವಾಡದ ಅವರ ಮನೆತನದ ಪದ್ಧತಿ. ನನ್ನ ಸರದಿ ಬಂದಾಗ ಮೈಸೂರಿನವಳಾದ ನಾನು ಮುಖ ಗಂಟು ಹಾಕಿಕೊಂಡೆ. "ಆಕಿ ಹೆಸರು ಆಕಿಗೇ ಇರಲಿ ಬಿಡ್ರಿ" ಎಂದು ತಡೆದವರು ಅತ್ತೆಯೇ.

ಈ ಚಳಿಗಾಲ ಮರೆವಿನ ಕಾಯಿಲೆ ಅವರ ಮದುವೆಯನ್ನೇ ಅಳಿಸಿಹಾಕಿತು. ಕಾತ್ಯಾಯಿನಿ ಎಂದರೆ ತಿರುಗುತ್ತಿರಲಿಲ್ಲ. ತುತ್ತು ಹಿಡಿದರೆ, ಅದು ಬೇರೆ ಯಾರದೋ ಎಂಬಂತೆ ಬಾಯಿ ಬಿಗಿದುಕೊಳ್ಳುತ್ತಿದ್ದರು. ಅವರಿಗೆ ನೆನಪಿರುವ ಹೆಸರಿನಿಂದ ಕರೆದು ನೋಡಿ ಎಂದಳು ಮನೆಗೆ ಬರುತ್ತಿದ್ದ ನರ್ಸ್. ಅವರನ್ನೇ ಕೇಳಿದರೆ, ಗುರುತಿಲ್ಲದವರಿಗೆ ಹೆಸರು ಹೇಳಬಾರದೆಂದು ಮುಖ ತಿರುಗಿಸಿದರು.

ನನ್ನ ಗಂಡ ಭೀಮಸೇನನಿಗೆ ಅಪ್ಪ, ಅಜ್ಜ, ಮುತ್ತಜ್ಜ, ಕೊನೆಗೆ ತಾಯಿಯ ಅಪ್ಪನ ಹೆಸರೂ ಬಾಯಿಪಾಠ. ತರ್ಪಣ ಬಿಡುವಾಗ ಬೇಕಲ್ಲ! ಹೆತ್ತವಳ ತವರಿನ ಹೆಸರು ಮಾತ್ರ ಯಾರಿಗೂ ಬೇಕಾಗಿರಲಿಲ್ಲ. ನನಗೆ ಮೈಯೆಲ್ಲ ಉರಿಯಿತು. ಊರಿಗೆ ಫೋನ್ ಮಾಡಿದೆವು. ಮಾವ ತೀರಿಕೊಂಡಿದ್ದರು, ಅತ್ತೆಯ ಒಡಹುಟ್ಟಿದವರೂ ಯಾರೂ ಉಳಿದಿರಲಿಲ್ಲ. ಅವರ ಅಣ್ಣನ ಮಗಳೊಬ್ಬಳು ಸಿಕ್ಕಳು. ತಾನು ಅವರನ್ನು ಅತ್ತಿ ಎಂದಷ್ಟೇ ಕರೆಯುತ್ತಿದ್ದೆ ಎಂದಳು.

ಭೀಮಸೇನ ಕೆಲಸದಿಂದ ಬಂದವನೇ ಹಾಸಿಗೆಯ ಪಕ್ಕ ಕುಳಿತು ಒಂದೊಂದೇ ಹೆಸರು ಹಿಡಿದು ಕರೆಯತೊಡಗಿದ. ಗಂಗಾ, ಸುಂದ್ರಾ, ಅಂಬಕ್ಕ, ಕೃಷ್ಣಾ. ಅತ್ತೆ ಕಿಟಕಿಯತ್ತ ನೋಡುತ್ತಿದ್ದರು. ಐವತ್ತು ದಾಟಿದ ಮನುಷ್ಯ ಕೊನೆಗೊಂದು ದಿನ "ಅವ್ವಾ" ಎಂದು ಬಿಕ್ಕಿದ. ಅದಕ್ಕೂ ತಿರುಗಲಿಲ್ಲ. ಇನ್ನೂ ಮದುವೆಯೇ ಆಗದ ಆ ಹುಡುಗಿಗೆ ಮಗ ಎಲ್ಲಿಯವನು?

ಕೊನೆಯ ದಿನ ಮಧ್ಯಾಹ್ನ ಅವರ ಬಳಿ ನಾನೊಬ್ಬಳೇ ಇದ್ದೆ. ನನ್ನ ಮುಂಗೈ ಹಿಡಿದುಕೊಂಡು, "ನಮ್ಮವ್ವ ನನ್ನ ಕರದ್ಲೇನು?" ಎಂದು ಕೇಳಿದರು.

ಜೀವಕ್ಕೆ ಸಮಾಧಾನವಾಗಲಿ ಎಂದು, "ಹೂಂ, ಕರೆದ್ರು" ಎಂದುಬಿಟ್ಟೆ.

ಅವರ ಮುಖ ಅರಳಿತು. ಎದ್ದು ಹೊರಡುವವರಂತೆ ಹೊದಿಕೆ ಸರಿಸಿದರು.

"ಏನಂತ ಕರದ್ಲು?"

ಅವರು ನನ್ನ ಬಾಯನ್ನೇ ನೋಡುತ್ತ ಕಾದರು. ಹಾಗೆ ಕಾಯುತ್ತಲೇ ಸಂಜೆಯ ಹೊತ್ತಿಗೆ ಪ್ರಾಣ ಬಿಟ್ಟರು.