ಏಳದೆ ಕೂರುವ ಪಾತ್ರ

ಚಿಕ್ಕಜಾಜೂರಿನ ಸ್ಟೇಷನ್ ರಸ್ತೆಯಲ್ಲಿ ಹೋಟೆಲ್ ಇಟ್ಟಿರುವ ಚಿತ್ರಲಿಂಗಪ್ಪನವರಿಗೆ ಅಮೆರಿಕಾದ ಮೇಲೆ ವಿಪರೀತ ಸಿಟ್ಟು ಬಂದದ್ದು ನವೆಂಬರ್ ಮೊದಲ ವಾರದಲ್ಲಿ.

"ಅಲ್ಲ ಮಾಸ್ಟ್ರೆ, ಎಂಥಾ ನೀಚ ಜನರೀ ಅವರು! ಹಸ್ಕಂಡು ಹೋಟ್ಲಿಗೆ ಬಂದೋರ್ನ ಏಳು ಮ್ಯಾಲಕ್ಕೆ ಅಂತಾರಾ? ಅದೂ ಬಣ್ಣ ನೋಡಿ?"

"ಅಂದಿದ್ರು ಗೌಡ್ರೆ, ಅರವತ್ತು ವರ್ಷದ ಹಿಂದೆ," ಎಂದರು ಜಯಕುಮಾರ್ ಮಾಸ್ಟರು. ಮಾಡದಕೆರೆ ಕಡೆಯಿಂದ ವರ್ಗವಾಗಿ ಬಂದು ಇಲ್ಲಿನ ಮಕ್ಕಳಿಗೆ ಸಮಾಜ ವಿಜ್ಞಾನ ಹೇಳುತ್ತಿದ್ದ ಅವರು, ಸಂವಿಧಾನ ದಿನಕ್ಕೆಂದು ಅರ್ಧ ಗಂಟೆಯ ನಾಟಕ ಬರೆದಿದ್ದರು. ಅಮೆರಿಕಾದ ದಕ್ಷಿಣದ ಊರೊಂದರಲ್ಲಿ ಬಿಳಿಯರ ಹೋಟೆಲು. ಸ್ಯಾಮ್ ಎಂಬ ಕರಿಯ ಬಂದು ಬೆಂಚಿನ ಮೇಲೆ ಕೂರುತ್ತಾನೆ. ಉತ್ತರದ ಊರಿನಿಂದ ಬಸ್ ಹತ್ತಿ ಬಂದ ಜೇಕಬ್ ಎಂಬ ಯಹೂದಿ ಅವನ ಪಕ್ಕ ಕೂರುತ್ತಾನೆ. ಮಾಲೀಕ ಏಳಿ ಎನ್ನುತ್ತಾನೆ, ಇವರು ಏಳುವುದಿಲ್ಲ. ತಲೆ ಮೇಲೆ ಸಕ್ಕರೆ ಸುರಿದರೂ ಏಳುವುದಿಲ್ಲ. ಕೊನೆಗೆ ಪೊಲೀಸರು ಹೊತ್ತುಕೊಂಡು ಹೋಗುತ್ತಾರೆ. ಕಥೆ ಇಷ್ಟೇ.

"ಆ ಮಾಲೀಕನ ಪಾರ್ಟು ನನಗಿರ್ಲಿ," ಎಂದರು ಚಿತ್ರಲಿಂಗಪ್ಪ. ಐಮಂಗಲದವರೆಗೂ ಹೋಗಿ ಪೌರಾಣಿಕ ನಾಟಕಗಳಲ್ಲಿ ಗದೆ ಹಿಡಿದು ಅಬ್ಬರಿಸಿ ಬಂದ ಮನುಷ್ಯ.

"ಕೆಟ್ಟೋನ ಪಾತ್ರ ಗೌಡ್ರೆ."

"ಶಿಳ್ಳೆ ಬೀಳಾದು ಕೆಟ್ಟೋನಿಗೇ ಕಣ್ರೀ. ಗದೆ ಇರ್ತತಾ?"

"ಅಮೆರಿಕಾದ ಹೋಟ್ಲಾಗೆ ಗದೆ ಇರಲ್ಲ."

"ಹೋಗ್ಲಿ ಬಿಡ್ರಿ, ಗಂಟ್ಲಾಗೇ ಮಾಡ್ತೀನಿ."

ಇದನ್ನೆಲ್ಲ ಬಾಗಿಲ ಆಚೆ ಕಲ್ಲು ಚಪ್ಪಡಿಯ ಮೇಲೆ ಕೂತು, ಪೇಪರ್ ಲೋಟದಲ್ಲಿ ಟೀ ಹೀರುತ್ತಾ ತಿಮ್ಮರಾಯಪ್ಪ ಕೇಳಿಸಿಕೊಳ್ಳುತ್ತಿದ್ದರು. ರೈಲ್ವೆಯಲ್ಲಿ ಗ್ಯಾಂಗ್‌ಮನ್ ಆಗಿದ್ದು ನಿವೃತ್ತರಾದವರು. ಕೊರೋನಾ ಬಂದಾಗಿನಿಂದ ಒಳಗೆ ಕೂರುವವರಿಗೆ ಸ್ಟೀಲ್ ಲೋಟ, ಹೊರಗೆ ಕೂರುವವರಿಗೆ ಪೇಪರ್ ಲೋಟ ಎಂದು ಹೋಟೆಲಿನ ನಿಯಮ. ತಿಮ್ಮರಾಯಪ್ಪನವರಂಥ ಕಾಲೋನಿಯವರು ಹೊರಗೇ ಕೂರಬೇಕೆಂದು ಯಾವ ಬೋರ್ಡೂ ಇರಲಿಲ್ಲ. ಕೊರೋನಾಕ್ಕೂ ಮೊದಲು ಅವರಿಗೆಂದೇ ನಾಲ್ಕು ಗಾಜಿನ ಲೋಟಗಳಿದ್ದವು. ಲೋಟಗಳು ಒಡೆದುಹೋದವು, ಚಪ್ಪಡಿ ಉಳಿಯಿತು.

"ಮಾಸ್ಟ್ರೆ, ಆ ಕರಿಯನ ಪಾರ್ಟು ಯಾರದು?" ಎಂದು ಹೊರಗಿನಿಂದಲೇ ಕೇಳಿದರು ತಿಮ್ಮರಾಯಪ್ಪ.

"ಯಾರನ್ನೂ ಹಾಕಿಲ್ಲ."

"ನಾನು ಮಾಡ್ತೀನಿ. ಒಂದ್ಸಲ ಏಳ್ದಂಗೆ ಕುಂತು ನೋಡ್ಬೇಕು."

ಯಹೂದಿಯ ಪಾತ್ರ ಎರ್ರಿಸ್ವಾಮಿಗೆ ಬಂತು. ಹೋಟೆಲಿನ ಎದುರು ಮೊಬೈಲ್ ರಿಪೇರಿ ಅಂಗಡಿ ಇಟ್ಟಿರುವ, ಗ್ರಾಮಸಭೆಯಲ್ಲಿ ಮೈಕು ಸಿಕ್ಕರೆ ಬಿಡದ ಆಸಾಮಿ. ಅವನ ಮೊದಲ ಪ್ರಶ್ನೆಯೇ, "ನಂಗೆಷ್ಟು ಡೈಲಾಗು?"

"ಒಂದು. 'ಇವನ ಜೊತೆ ನಾನೂ ಕೂತಿರ್ತೀನಿ.' ಅಷ್ಟೇ."

"ಒಂದೇನಾ? ಅಷ್ಟು ದೂರದಿಂದ ಬಸ್ ಹತ್ತಿ ಬಂದೋನು ಒಂದೇ ಮಾತಾಡ್ತಾನಾ? ಅಲ್ಲ, ಈ ಯಹೂದಿ ಅಂದ್ರೆ ಯಾರು ಸಾ? ಕ್ರಿಶ್ಚಿಯನ್ನಾ?"

"ಅಲ್ಲಪ್ಪ, ಅವರದು ಬೇರೆ ಧರ್ಮ. ನೋಡಕ್ಕೆ ಬಿಳಿಯರು. ಹೋಟ್ಲಾಗೆ ಕುಂತ್ರೆ ಯಾರೂ ಎಬ್ಬಿಸ್ತಿರ್ಲಿಲ್ಲ. ಆದ್ರೆ ಅಲ್ಲಿ ದೊಡ್ಡ ದೊಡ್ಡ ಕ್ಲಬ್ಬುಗಳಿಗೆ ಅವರನ್ನ ಸೇರಿಸ್ತಿರ್ಲಿಲ್ಲ. ಯುರೋಪಿನಾಗೆ ಅವರ ಜನಾನ ಲಕ್ಷ ಲಕ್ಷ ಕೊಂದು ಆಗಿನ್ನೂ ಇಪ್ಪತ್ತು ವರ್ಷ ಆಗಿರ್ಲಿಲ್ಲ. ಅದು ಗೊತ್ತಿದ್ದ ಹುಡುಗ್ರು, ಹುಡುಗೀರು ಉತ್ತರದ ಊರುಗಳಿಂದ ಬಂದು ಕರಿಯರ ಜೊತೆ ಕುಂತ್ರು, ಜೈಲಿಗೆ ಹೋದ್ರು. ಕೆಲವರು ಪ್ರಾಣಾನೂ ಕಳ್ಕಂಡ್ರು."

ಎರ್ರಿಸ್ವಾಮಿ ತಲೆ ಕೆರೆದುಕೊಂಡ. ಅವನು ಹೋಟೆಲಿನ ಒಳಗೇ ಕೂತು ಸ್ಟೀಲ್ ಲೋಟದಲ್ಲಿ ಕುಡಿಯುವವನು. ಆದರೆ ಗೌಡರ ಮನೆಗೆ ಹೋದರೆ ಪಡಸಾಲೆ ದಾಟಿದವನಲ್ಲ. "ಅಂದ್ರೆ ಹೋಟ್ಲಿನ ಒಳಗೆ, ಮನೆ ಹೊರಗೆ. ಅಂಥೋನು ಅನ್ರಿ," ಎಂದ. "ಅಂಥೋನಿಗೆ ಹೊಟ್ಟೆ ತುಂಬ ಮಾತಿರ್ತವೆ ಸಾ. ತಿಮ್ಮರಾಯಣ್ಣನ ಪರವಾಗಿ ನಾನೊಂದ್ ಹತ್ತು ನಿಮಿಷ ಮಾತಾಡ್ತೀನಿ."

"ಬ್ಯಾಡ. ಅಲ್ಲೂ ಕರಿಯರು ಇದನ್ನೇ ಹೇಳ್ಬೇಕಾಗಿ ಬಂತು. ಬಂದ್ರಲ್ಲ, ಸಂತೋಷ, ಮಾತು ನಾವೇ ಆಡ್ತೀವಿ ಅಂತ."

ಮಧ್ಯಾಹ್ನ ಗಿರಾಕಿಗಳಿಲ್ಲದ ಹೊತ್ತಿನಲ್ಲಿ ಹೋಟೆಲಿನ ಒಳಗೇ ತಾಲೀಮು ಶುರುವಾಯಿತು. ಕಷ್ಟವೂ ಅವತ್ತೇ ಶುರುವಾಯಿತು. ಚಿತ್ರಲಿಂಗಪ್ಪ ಎದೆಯುಬ್ಬಿಸಿ "ಏಳಲೇ ಮ್ಯಾಲಕ್ಕೆ!" ಎಂದು ಗುಡುಗಿದ್ದೇ ತಡ, ತಿಮ್ಮರಾಯಪ್ಪ ಟವೆಲನ್ನು ಹೆಗಲಿನಿಂದ ಕಂಕುಳಿಗೆ ಇಳಿಸಿ ಎದ್ದು ನಿಂತರು.

"ಯಾಕೆ ಎದ್ರಿ ತಿಮ್ಮರಾಯಣ್ಣ?"

"ನಾನೆಲ್ಲಿ ಎದ್ದೆ ಮಾಸ್ಟ್ರೆ? ಕಾಲು ಎದ್ವು."

ಎರಡನೇ ಸಲವೂ ಕಾಲು ಎದ್ದವು. ಮೂರನೇ ದಿನ ಎರ್ರಿಸ್ವಾಮಿ ಉಪಾಯ ಮಾಡಿ, ತಿಮ್ಮರಾಯಪ್ಪನವರ ಸೊಂಟಕ್ಕೆ ಟವೆಲ್ ಸುತ್ತಿ ಅದರ ತುದಿಯನ್ನು ಬೆಂಚಿಗೆ ಕಟ್ಟಿದ. ಗುಡುಗು ಬಂತು. ತಿಮ್ಮರಾಯಪ್ಪ ಬೆಂಚಿನ ಸಮೇತ ಎದ್ದರು. ಇನ್ನೊಂದು ತುದಿಯಲ್ಲಿದ್ದ ಯಹೂದಿ ನೆಲಕ್ಕೆ ಬಿದ್ದ. ತಾಲೀಮು ಮುಗಿದರೆ ತಿಮ್ಮರಾಯಪ್ಪ ಯಾರೂ ಹೇಳದಿದ್ದರೂ ಆಚೆ ಹೋಗಿ ಚಪ್ಪಡಿಯ ಮೇಲೆ ಕೂರುತ್ತಿದ್ದರು. ಟೀ ಮಾಡುವ ಪಾಲಯ್ಯ ಪೇಪರ್ ಲೋಟ ತಂದು ಕೊಡುತ್ತಿದ್ದ.

ಮನೆಯಲ್ಲಿ ಹೆಂಡತಿ ಪುಟ್ಟಕ್ಕ ಮುದ್ದೆ ತಿರುವುತ್ತಾ, ಗೌಡರ ದನಿಯಲ್ಲಿ "ಏಳಲೇ ಮ್ಯಾಲಕ್ಕೆ!" ಎಂದಳು. ತಿಮ್ಮರಾಯಪ್ಪ ಅಲ್ಲಾಡಲಿಲ್ಲ.

"ನೋಡ್ದಾ? ಏಳ್ಲಿಲ್ಲ!" ಎಂದು ಬೀಗಿದರು.

"ನನ್ ಮಾತಿಗೆ ಮೂವತ್ತೈದು ವರ್ಷದಿಂದ ಎದ್ದಿಲ್ಲ, ಇವತ್ತು ಏಳ್ತೀಯಾ? ಅಲ್ಲ ಕಣಯ್ಯ, ಗೌಡ್ರು ನಿನಗಿಂತ ಎರಡು ಪಟ್ಟು ಕಪ್ಪಗವ್ರೆ. ಅವ್ರು ಬಿಳಿಯ, ನೀನು ಕರಿಯನಾ?"

"ಪೌಡರ್ ಹಚ್ಕಂತಾರಂತೆ."

"ಸ್ಟೇಷನ್ ಗ್ವಾಡೆಗೆ ಬಳಿಯಾ ಸುಣ್ಣ ತರ್ಸಬೇಕಾಗ್ತತೆ," ಎಂದಳು ಪುಟ್ಟಕ್ಕ. ಆಮೇಲೆ ಮುದ್ದೆ ತಟ್ಟೆಗೆ ಹಾಕಿ, "ನಾನೂ ಬರ್ತೀನಿ ನೋಡಕ್ಕೆ. ಎದ್ದುಗಿದ್ದೀಯ ಮತ್ತೆ," ಎಂದಳು.

ಸಂವಿಧಾನ ದಿನ ಬೆಳಿಗ್ಗೆ ಹನ್ನೊಂದಕ್ಕೆ ಶಾಲೆಯ ಮೈದಾನದ ಶಾಮಿಯಾನ ತುಂಬಿತ್ತು. ಮೊದಲ ಸಾಲಿನಲ್ಲೇ ಪುಟ್ಟಕ್ಕ. ಚಿತ್ರಲಿಂಗಪ್ಪ ಒಂದು ಡಬ್ಬಿ ಪೌಡರ್ ಖಾಲಿ ಮಾಡಿ, ಬ್ಯಾಂಕ್ ಮ್ಯಾನೇಜರ್ ಹತ್ತಿರ ಟೈ ಈಸಿಕೊಂಡು ಬಂದಿದ್ದರು. ಪೊಲೀಸನ ಪಾತ್ರ ಜಯಕುಮಾರ್ ಅವರದ್ದೇ. ಬೆಂಚಿನ ಮೇಲೆ ತಿಮ್ಮರಾಯಪ್ಪ, ಪಕ್ಕದಲ್ಲಿ ಎರ್ರಿಸ್ವಾಮಿ.

ಚಿತ್ರಲಿಂಗಪ್ಪ ಬಂದರು, ಟೈ ಸರಿಮಾಡಿಕೊಂಡರು, ಉಸಿರು ಎಳೆದರು.

"ಏಳಲೇ ಮ್ಯಾಲಕ್ಕೆ!"

ಮೈಕು ಕೀಚಲು ಸದ್ದು ಮಾಡಿ ನಿಂತಿತು. ತಿಮ್ಮರಾಯಪ್ಪ ಎದ್ದರು. ಟವೆಲ್ಲೂ ಕಂಕುಳಿಗೆ ಹೋಯಿತು.

ಪುಟ್ಟಕ್ಕ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಎರ್ರಿಸ್ವಾಮಿಗೆ ಇದೇ ಸಮಯ ಎನಿಸಿತೋ ಏನೋ, ಅವನೂ ಎದ್ದು ಮುಂದೆ ಬಂದ. "ಅಮೆರಿಕಾದ ಮಹಾಜನಗಳೇ! ಈ ನನ್ನ ಕರಿಯ ಸಹೋದರನ ಪರವಾಗಿ, ಒಬ್ಬ ಯಹೂದಿಯಾಗಿ ನಾನು ಹೇಳಬಯಸುವುದೇನೆಂದರೆ..."

ಬೆಂಚು ಖಾಲಿಯಾಯಿತು. ತಿಮ್ಮರಾಯಪ್ಪ ಆ ಖಾಲಿ ಬೆಂಚನ್ನು ನೋಡಿದರು. ಟವೆಲನ್ನು ಮತ್ತೆ ಹೆಗಲಿಗೆ ಹಾಕಿಕೊಂಡರು. ನಿಧಾನಕ್ಕೆ ಕೂತು, ಎರ್ರಿಸ್ವಾಮಿಯ ಅಂಗಿ ಹಿಡಿದು ಜಗ್ಗಿದರು.

"ಲೇ ಎರ್ರಿ, ಕುಂತ್ಕಳಲೇ. ನೀನು ಬಂದಿರಾದು ನನ್ ಜೊತೆ ಕುಂತ್ಕಳಕ್ಕೆ. ನನ್ ಪಾರ್ಟು ನಾನು ಮಾಡ್ತೀನಿ."

ಎರ್ರಿಸ್ವಾಮಿ ದೊಪ್ಪನೆ ಕೂತ. ಶಾಮಿಯಾನ ಹಾರಿಹೋಗುವಂತೆ ಶಿಳ್ಳೆ ಬಿತ್ತು. ಅದು ತಮಗೇ ಎಂದುಕೊಂಡ ಚಿತ್ರಲಿಂಗಪ್ಪ ಎರಡನೇ ಸಲ ಗುಡುಗಿದರು. ತಿಮ್ಮರಾಯಪ್ಪನವರ ಕಾಲು ಮತ್ತೆ ಏಳಹೋದವು, ಎರಡೂ ಕೈಯಲ್ಲಿ ಮಂಡಿ ಒತ್ತಿ ಹಿಡಿದರು. ಮೂರನೇ ಗುಡುಗಿಗೆ ಕಾಲೂ ಸುಮ್ಮನಾದವು. ತಲೆಯ ಮೇಲೆ ಸಕ್ಕರೆ ಬಿತ್ತು. ಏಳಲಿಲ್ಲ.

ಪೊಲೀಸ್ ಬಂದು ರಟ್ಟೆ ಹಿಡಿದರೂ ಏಳಲಿಲ್ಲ. "ಬರ್ರಿ ತಿಮ್ಮರಾಯಣ್ಣ, ನಾಟಕ ಮುಗೀಬೇಕು," ಎಂದು ಜಯಕುಮಾರ್ ಪಿಸುಗುಟ್ಟಿದರು.

"ಇನ್ನೊಂದ್ ಸ್ವಲ್ಪ ಕುಂತಿರ್ತೀನಿ ತಡೀರಿ ಮಾಸ್ಟ್ರೆ."

ಮರುದಿನ ಬೆಳಿಗ್ಗೆ ತಿಮ್ಮರಾಯಪ್ಪ ಹೋಟೆಲಿಗೆ ಬಂದಾಗ ಚಪ್ಪಡಿಯ ಹತ್ತಿರ ಒಂದು ಕ್ಷಣ ನಿಂತರು. ಇಲ್ಲಿ ಶಾಮಿಯಾನ ಇರಲಿಲ್ಲ, ಶಿಳ್ಳೆ ಇರಲಿಲ್ಲ. ಒಳಗೆ ರೈಲಿಗೆ ಕಾಯುವ ನಾಲ್ಕೈದು ಜನ ಇಡ್ಲಿ ತಿನ್ನುತ್ತಿದ್ದರು. ಎರ್ರಿಸ್ವಾಮಿ ಬೆಂಚಿನ ಮೇಲಿದ್ದ. ತಿಮ್ಮರಾಯಪ್ಪ ಹೊಸಿಲು ದಾಟಿ ಬಂದು ನಿಂತರು. ಎರ್ರಿಸ್ವಾಮಿ ಏನೋ ಹೇಳಲು ಬಾಯಿ ತೆರೆದ, ಮುಚ್ಚಿದ, ಒಂದು ಮೊಳ ಆಚೆ ಸರಿದ. ತಿಮ್ಮರಾಯಪ್ಪ ಕೂತರು.

ಪಾಲಯ್ಯ ಯಜಮಾನರ ಮುಖ ನೋಡಿದ. ಯಜಮಾನರಿಗೆ ಬೇರೆಯದೇ ಸಂಕಟ. ನಿನ್ನೆಯಿಂದ ಊರೆಲ್ಲ ಕೂತವನ ಮಾತೇ ಆಡುತ್ತಿತ್ತು. ಅಬ್ಬರಿಸಿದವನ ಬಗ್ಗೆ ಒಬ್ಬರೂ ಒಂದು ಮಾತು ಹೇಳಿರಲಿಲ್ಲ.

"ಲೇ ತಿಮ್ಮ, ನೀನು ಹತ್ರದಾಗೇ ಇದ್ದೋನು. ನಿಜ ಹೇಳು, ನನ್ ಪಾರ್ಟು ಹೆಂಗಿತ್ತು?"

"ಟೀ ಬರ್ಲಿ ಗೌಡ್ರೆ. ಕುಡೀತಾ ಹೇಳ್ತೀನಿ."

ಪಾಲಯ್ಯ ಪೇಪರ್ ಲೋಟ ಎತ್ತಿಕೊಂಡ.

"ಅದ್ರಾಗೆ ಬ್ಯಾಡ ಪಾಲಯ್ಯ," ಎಂದರು ತಿಮ್ಮರಾಯಪ್ಪ. ದನಿ ಸಣ್ಣಗಿತ್ತು, ಆದರೆ ಇಡ್ಲಿ ತಿನ್ನುವವರಿಗೂ ಕೇಳಿಸಿತು. "ಮಾತು ಉದ್ದ ಐತೆ. ಅದ್ರಾಗೆ ಬೇಗ ಆರೋಗ್ತತೆ."

ಚಿತ್ರಲಿಂಗಪ್ಪ ಪಾಲಯ್ಯನನ್ನು ನೋಡಿದರು, ಬೆಂಚನ್ನು ನೋಡಿದರು, ಬಾಗಿಲಾಚೆಯ ಚಪ್ಪಡಿಯನ್ನೂ ನೋಡಿದರು. ಒಲೆಯ ಮೇಲೆ ಹಾಲು ಉಕ್ಕಿ ಚುಂಯ್ ಎಂದಿತು.

"ಲೋಟದಾಗೆ ಹಾಕ್ಕೊಡಲೇ, ಏನ್ ನನ್ ಮುಖ ನೋಡ್ತೀಯ!" ಎಂದು ಪಾಲಯ್ಯನ ಮೇಲೆ ರೇಗಿದರು. "ಹೂಂ, ಹೇಳಪ್ಪ ಮಾರಾಯ."

ಸ್ಟೀಲ್ ಲೋಟ ಬಂತು. ತಿಮ್ಮರಾಯಪ್ಪ ಒಂದು ಗುಟುಕು ಕುಡಿದರು. "ಮೊದಲ್ನೇ ಗುಡುಗು ಚೆನ್ನಾಗಿತ್ತು. ಕಾಲು ಎದ್ದೇ ಬಿಟ್ವು. ಎರಡು, ಮೂರು ಸಪ್ಪೆ."

"ಸಪ್ಪೆನಾ! ನಲವತ್ತು ವರ್ಷದ ಗಂಟ್ಲು ಕಣಲೇ ಇದು! ಇಡೀ ಹೊಳಲ್ಕೆರೆ ತಾಲ್ಲೂಕಿನಾಗೆ ಯಾವನೂ..." ಎನ್ನುತ್ತಲೇ ಚಿತ್ರಲಿಂಗಪ್ಪ ಗಲ್ಲಾದಿಂದ ಇಳಿದು ಬಂದು, ನಡುಮಧ್ಯೆ ನಿಂತು, ಉಸಿರು ತುಂಬಿಕೊಂಡು ಒಂದೇ ಏಟಿಗೆ ಅಬ್ಬರಿಸಿದರು. "ಏಳಲೇ ಮ್ಯಾಲಕ್ಕೆ!"

ರೈಲಿಗೆ ಕಾಯುತ್ತಿದ್ದ ನಾಲ್ಕೈದು ಜನವೂ ಇಡ್ಲಿ ತಟ್ಟೆ ಹಿಡಿದುಕೊಂಡೇ ಎದ್ದು ನಿಂತರು. ಪಾಲಯ್ಯನ ಕೈಯಿಂದ ಸೌಟು ಬಿತ್ತು.

ತಿಮ್ಮರಾಯಪ್ಪ ಕೂತಲ್ಲೇ ಟೀ ಊದಿಕೊಂಡು, "ಈಗ ಪರವಾಗಿಲ್ಲ," ಎಂದರು.