ಮುದ್ದಮ್ಮತ್ತೆಯ ಹನ್ನೊಂದನೇ ಸಾವು

"ಸಾರ್, ಹೆಣ ಏಳಾಕಿಲ್ಲ ಅಂತದೆ!"

ನಾಗೇಂದ್ರಣ್ಣ ಓಡ್ಬಂದು ಹಿಂಗಂದಿದ್ದೇ, ಡೈರೆಕ್ಟ್ರು ವಾಗೀಶ್ ಕೈಲಿದ್ದ ಟೀ ಅವರ ಪ್ಯಾಂಟ್ ಮೇಲೇ ಚೆಲ್ಲೋಯ್ತು. ನಾನು ನಗು ತಡೆಯೋಕೆ ಸೆರಗು ಬಾಯಿಗೆ ತುರುಕ್ಕೊಂಡೆ. ಕಾಲೇಜಿಗೆ ಚಕ್ಕರ್ ಹೊಡೆದು ಬಿಳಿ ಸೀರೆ ಉಟ್ಟು ಬಂದಿದ್ದೆ. ಆ ದೆವ್ವದ ಪಿಚ್ಚರ್‌ಗೆ ನಾವು ನಾಕು ಜನ, ಹಿಂದೆ ಸುಮ್ನೆ ಓಡಾಡೋ ಬಿಡಿ ದೆವ್ವಗಳು. ನಾಗೇಂದ್ರಣ್ಣ ಒಂದು, ನಾನೊಂದು, ಇನ್ನಿಬ್ಬರು ಆಟೋದವರು.

ಹೆಣ ಅಂದ್ರೆ ನಮ್ಮತ್ತೆ ಮುದ್ದಮ್ಮ. ಬೆಳಿಗ್ಗೆ ಗೋಕುಲಂನಲ್ಲಿ ಮೂರು ಮನೆ ಪಾತ್ರೆ ತಿಕ್ತಾಳೆ, ಆಮೇಲೆ ಇಂಥ ಸಣ್ಣಪುಟ್ಟ ದೆವ್ವದ ಪಿಚ್ಚರ್‌ಗಳಲ್ಲಿ ಸಾಯ್ತಾಳೆ. ಇದು ಹನ್ನೊಂದನೇ ಸಲ.

ಶೂಟಿಂಗಲ್ಲಿ ಒಂದು ಪದ್ಧತಿ. ಹೆಣದ ಪಾರ್ಟು ಮಾಡ್ದೋರಿಗೆ ದೃಷ್ಟಿ ತೆಗೆದು, ಬೂದುಗುಂಬಳ ಒಡೆದು, ಆಮೇಲೇ ಎಬ್ಬಿಸೋದು. ಇಲ್ದಿದ್ರೆ ಸಾವು ಮೈಗಂಟುತ್ತಂತೆ. ಬೆಳಿಗ್ಗೆ ಹೀರೋಯಿನ್ ಶರಣ್ಯಾ ಸತ್ತಾಗ, ಪೂಜೆಗೆ ಅಂತ ಕರೆಸಿದ್ದ ಸುಂದರೇಶ ಜೋಯಿಸ್ರು ಮಂತ್ರ ಹೇಳಿ ಒಡೆದ್ರು. ಮಧ್ಯಾಹ್ನ ಅತ್ತೆ ಚಟ್ಟದ ಮೇಲೆ ಸತ್ಳು.

"ನಂಗೂ ಒಂದ್ ಒಡೀರಿ ಸಾಮಿ. ಹತ್ತು ಸಲ ಹಂಗೇ ಎದ್ದೋಗಿವ್ನಿ."

ಜೋಯಿಸ್ರು ಮಾರು ದೂರದಿಂದ್ಲೇ ನಕ್ರು. "ನಿಂಗ್ಯಾವ ದೃಷ್ಟಿಯೇ? ನಿನ್ನ ಮುಸುಡಿ ನೋಡಿದ್ರೆ ಸಾವೇ ಓಡೋಗುತ್ತೆ!"

ಯೂನಿಟ್ಟೆಲ್ಲಾ ನಕ್ತು. ಅತ್ತೆ ಕಣ್ಣು ಮುಚ್ಕೊಂಡ್ಳು.

ಮುಂದಿನ ಶಾಟು ಏನು ಗೊತ್ತಾ? ಹೆಣ ಎದ್ದು ದೆವ್ವ ಆಗೋದು!

"ಲೇ ಮುದ್ದೀ, ಬಿಸಿಲು ಹೋಗ್ತಿದೆ! ಏಳೇ ಮುಂಡೇದೇ!" ಅಂತ ಡೈರೆಕ್ಟ್ರು ಕಿರುಚಿದ್ರು.

"ಸತ್ತೋರ್ನ ಬೋಯ್ಬಾರ್ದು ಬುದ್ದಿ."

"ಬೇರೆಯವಳನ್ನ ಹಾಕ್ತೀನಿ!"

"ಹಾಕ್ಕಳಿ. ಅರ್ಧ ಪಿಚ್ಚರ್ ನನ್ ಮೊಖ, ಅರ್ಧ ಅವ್ಳ್ ಮೊಖ. ಜನ ಉಗೀತಾರೆ."

"ಎತ್ತಿ ಆಚೆ ಹಾಕ್ರೋ ಇವಳನ್ನ!"

ಲೈಟಿನ ಹುಡುಗರು ಹಿಂದೆ ಸರಿದ್ರು. "ಕುಂಬಳಕಾಯಿ ಒಡೀದಿರೋ ಹೆಣ ಸಾರ್. ನಾವ್ ಮುಟ್ಟಲ್ಲ."

ಜೋಯಿಸ್ರ ಮುಖ ಹುಳ್ಳಗಾಯ್ತು. "ಆಯ್ತು, ಇಲ್ಲಿಂದ್ಲೇ ಒಡೆದು ಬಿಸಾಕ್ತೀನಿ."

"ನಾಯಿಗೆ ರೊಟ್ಟಿ ಎಸ್ದಂಗಾ? ಬ್ಯಾಡ." ಅತ್ತೆ ಕಣ್ಣೇ ಬಿಡ್ಲಿಲ್ಲ. "ನಾಳೆ ಬನ್ನಿಮಂಟಪದ ನಮ್ಮನೇಗ್ ಬನ್ನಿ, ನೀವೂ ಡೈರೆಕ್ಟ್ರೂ ಇಬ್ರೂವೆ. ಒಳಕ್ ಬಂದು ಚಾಪೆ ಮ್ಯಾಲೆ ಕೂತು, ನಮ್ ಲೋಟ್ದಲ್ಲಿ ಕಾಪಿ ಕುಡ್ದು, ಆಮೇಲ್ ಒಡೀರಿ. ಅಲ್ಲೀಗಂಟ ನಾನು ಸತ್ತಿವ್ನಿ. ಲೋ ನಾಗೇಂದ್ರ, ಎತ್ರೋ!"

ನಾಕು ದೆವ್ವ ನಾಕು ಕಡೆ ಹೆಗಲು ಕೊಟ್ವಿ. ಗೇಟಿನ ಹತ್ರ ಬಂದಿದ್ವಷ್ಟೇ, ಡೈರೆಕ್ಟ್ರು ಓಡ್ಬಂದ್ರು.

"ಮುದ್ದಮ್ಮಾ... ನಾಳೆ ಎಷ್ಟೊತ್ತಿಗೆ?"

"ಎಂಟಕ್ಕೆ."

ಡೈರೆಕ್ಟ್ರು ತಿರುಗಿ ಕೂಗಿದ್ರು, "ಜೋಯಿಸ್ರೇ, ಏಳೂವರೆಗೆ ನಿಮ್ಮನೆ ಹತ್ರ ಕಾರು ಬರುತ್ತೆ, ರೆಡಿ ಇರಿ!"

ಜೋಯಿಸ್ರು ಜನಿವಾರ ಹಿಡ್ಕೊಂಡು ನಿಂತಿದ್ರು. ಚಟ್ಟದ ಮೇಲಿಂದ ಅತ್ತೆ ಕೇಳಿದ್ಳು:

"ಸಕ್ರೆ ಎಷ್ಟ್ ಹಾಕ್ಲಿ ಸಾಮಿ?"