ಕೊಟ್ರಮ್ಮನ ಮಾತು ಹೊತ್ತ ರಟ್ಟು

ನಾನು ಒಂದು ರಟ್ಟು. ನೆತ್ತಿಯ ಮೇಲೆ ಕ್ಲಿಪ್ಪಿರುವ, ಮಕ್ಕಳು ಪರೀಕ್ಷೆಗೆ ಒಯ್ಯುವಂಥ ರಟ್ಟು. ದಾವಣಗೆರೆಯ ಬೈಂಡಿಂಗ್ ಅಂಗಡಿಯಲ್ಲಿ ಮೈತುಂಬ ಅಂಟು ಮೆತ್ತಿಸಿಕೊಂಡು ಹುಟ್ಟಿದೆ. ಗಣಿತ, ವಿಜ್ಞಾನ ಅಂತ ಮರ್ಯಾದೆಯಾಗಿ ಬದುಕಬೇಕಾದವನು. ನನ್ನ ಹಣೆಬರಹ ನೋಡಿ, ಟಿವಿಯ ಹಾಸ್ಯ ಕಾರ್ಯಕ್ರಮಕ್ಕೆ ಬರೆಯುವ ಪಾಲಾಕ್ಷನ ಕೈಗೆ ಬಿದ್ದೆ.

ಈ ಮಹಾಶಯನಿಗೆ ಕೂತಲ್ಲಿ ಕೂರಲಾಗದು. ಬೆಂಗಳೂರಿನ ಸ್ಟುಡಿಯೊದಲ್ಲಿ ಅತ್ತ ಲೈಟು ಹೊತ್ತಿಸುತ್ತಿದ್ದರೆ, ಇತ್ತ ನನ್ನನ್ನು ಎದೆಗೊತ್ತಿಕೊಂಡು ನಿಂತೇ ಬರೆಯುತ್ತಿದ್ದ. ವಾರಕ್ಕೆ ನಾಲ್ಕು ಸ್ಕಿಟ್ಟು, ನಿಮಿಷಕ್ಕೊಂದು ನಗು ಬೇಕು. ಅಷ್ಟು ನಗು ಎಲ್ಲಿಂದ ತರುವುದು? ಮನೆಯಿಂದ. ಅವನನ್ನು ಎತ್ತಿ ಆಡಿಸಿದ ಅಕ್ಕ ಕೊಟ್ರಮ್ಮ, ಗಂಡ ತೀರಿಕೊಂಡ ಮೇಲೆ ಅವನ ಜೊತೆಗೇ ಇದ್ದಳು. ಅವಳು ಬಾಯಿ ಬಿಟ್ಟರೆ ಸಾಕು, ಇವನ ಪೆನ್ನು ನನ್ನ ಮೇಲೆ ಓಡುತ್ತಿತ್ತು. ಸೀರೆ ಉಟ್ಟ ಗಂಡಸು ನಟನೊಬ್ಬ ಆ ಮಾತುಗಳನ್ನೇ ಆಡಿ ಹೆಸರು ಮಾಡಿದ. ಕೊಟ್ರಮ್ಮನೂ ಟಿವಿ ನೋಡಿ ನಗುತ್ತಿದ್ದಳು. "ನನ್ನ ಬಾಯಿ ಅಷ್ಟು ಜೋರೈತೇನಲೇ?"

ನೂರನೇ ಕಂತಿಗೆ ಅವಳನ್ನೇ ಕರೆತಂದು ಮುಂದಿನ ಸಾಲಿನಲ್ಲಿ ಕೂರಿಸಿದ. ಅವತ್ತು ಸ್ಕಿಟ್ಟಿನ ಕೊನೆ ಸಪ್ಪೆಯಾಗಿತ್ತು. ನಿರ್ದೇಶಕರು ವಾಚು ನೋಡುತ್ತ, "ಪಾಲಾಕ್ಷ, ಒಂದೇ ಒಂದು ಪಂಚ್ ಕೊಡಪ್ಪಾ, ಸಾಕು" ಅಂದರು. ಇವನು ಗಡಿಬಿಡಿಯಲ್ಲಿ ತಿರುವಿ ಹಾಕಿ, ನನ್ನ ತಳದಲ್ಲಿದ್ದ ಹಳೇ ಹಾಳೆಯೊಂದನ್ನು ನಟನ ಕೈಗಿಟ್ಟ. ಅಯ್ಯೋ ಪುಣ್ಯಾತ್ಮ, ಅದನ್ನು ಯಾವತ್ತು ಬರೆದೆ ಅನ್ನುವುದಾದರೂ ನೆನಪಿರಬಾರದೆ? ಗಂಡ ಹೋದ ದಿನದ ಸಂಕಟವನ್ನು ಅಕ್ಕ ಅಳುತ್ತ ಹೇಳಿಕೊಂಡಾಗ, ಕೈ ಸುಮ್ಮನಿರದೆ ಗೀಚಿಕೊಂಡದ್ದು ಅದು.

ನಟ ಸೆರಗು ಕೊಡವಿ ಹೇಳಿದ: "ಸಾರು ಇನ್ನೊಂದು ಕುದಿ ಬರಲಿ, ತಡೀರಿ ಅಂದೆ. ಊಟಕ್ಕೆ ಒಂದಿನಾನೂ ಕಾದ ಮನುಷ್ಯ ಅಲ್ಲ. ಅವತ್ತೂ ಕಾಯಲಿಲ್ಲ, ಹೋಗೇಬಿಟ್ರು."

ಇಡೀ ಸ್ಟುಡಿಯೊ ಬಿದ್ದು ಬಿದ್ದು ನಕ್ಕಿತು. ಕೊಟ್ರಮ್ಮ ಸೆರಗನ್ನು ಬಾಯಿಗೊತ್ತಿಕೊಂಡು ಕೂತಿದ್ದಳು. ನಗುತ್ತಿದ್ದಾಳೆಂದುಕೊಂಡು ಕ್ಯಾಮೆರಾದವನು ಅವಳನ್ನೂ ತೋರಿಸಿದ.

ಮರುದಿನದಿಂದ "ಊಟ ಮಾಡು", "ಹ್ಞೂಂ" ಬಿಟ್ಟರೆ ಮನೆಯಲ್ಲಿ ಮಾತಿಲ್ಲ. ಇವನು ಕಾಲು ಹಿಡಿದ. "ಆತು ಬಿಡು" ಅಂದಳು, ಅಷ್ಟೇ. ಅವಳ ಮಾತಿಲ್ಲದೆ ಸ್ಕಿಟ್ಟುಗಳು ಸೊರಗಿದವು. ವರ್ಷದೊಳಗೆ ಕಾರ್ಯಕ್ರಮ ನಿಂತಿತು. ನನ್ನ ಕ್ಲಿಪ್ಪೂ ತುಕ್ಕು ಹಿಡಿದು ಸಡಿಲಾಯಿತು. ಒಂದು ಬೆಳಗ್ಗೆ ಪಾಲಾಕ್ಷನೇ ನನ್ನನ್ನು ತಂದು ಅಡುಗೆಮನೆಯ ಅಕ್ಕಿ ಡಬ್ಬಿಯ ಮೇಲೆ ಮುಚ್ಚಿದ. ಈಗಲೂ ನಾನು ಅಲ್ಲೇ ಇದ್ದೇನೆ.

"ಇನ್ನ ಬರಿಯಲ್ಲಕ್ಕ," ಅಂತ ಅವತ್ತೇ ಅಕ್ಕನ ಎದುರು ಕೂತ. "ನಿನ್ನ ಜೊತಿಗೆ ಮಾತಾಡ್ಬೇಕು, ಅಷ್ಟೆ."

ಅವಳು ಕೈಲಿದ್ದ ಕಟ್ಟಿನ ಸೊಪ್ಪು ಬಿಡಿಸಿ ಮುಗಿಸಿದಳು. ಆಮೇಲೆ ಮೆಲ್ಲಗೆ ಪಕ್ಕದ ಮನೆಯ ಬೆಕ್ಕಿನ ಸುದ್ದಿ ತೆಗೆದಳು. ನನಗಾದ ಸಂತೋಷ ಅಷ್ಟಿಷ್ಟಲ್ಲ. ಅವನೂ ನಕ್ಕ. ನಗುತ್ತ ನಗುತ್ತ ಅವನ ತೋರುಬೆರಳು ತೊಡೆಯ ಮೇಲೆ ಗೀಚತೊಡಗಿತು. ಅದು ಅವನಿಗೇ ಗೊತ್ತಿರಲಿಲ್ಲ.

ಕೊಟ್ರಮ್ಮನ ಕಣ್ಣು ಆ ಬೆರಳಿನ ಮೇಲೆ ಬಿತ್ತು. ಅರ್ಧಕ್ಕೇ ಮಾತು ನಿಲ್ಲಿಸಿ, ಸೊಪ್ಪಿನ ಬುಟ್ಟಿ ಎತ್ತಿಕೊಂಡು ಎದ್ದಳು.

"ಅಡಿಗಿಗೆ ಹೊತ್ತಾತು," ಅಂದಳು.